ಟೆಕ್ಮೆಸ್ಸೆಯೂ ತಾರೆಯೂ

ಯವನ ಪುರಾಣದ ಸ್ತ್ರೀಯರಲ್ಲಿ ಟೆಕ್ಮೆಸ್ಸೆಯು ಕನ್ನಡ ನಾಡಿಗೆ ಬೇರೊಂದು ಹೆಸರಿನಿಂದ ಬಂದಳು. ಆಚಾರ್ಯ ಬಿ. ಎಂ. ಶ್ರೀಕಂಠಯ್ಯನವರು ಸೊಫೋಕ್ಲೀಸನ ‘ಏಜಾಕ್ಸ್’ ರುದ್ರನಾಟಕವನ್ನು ಭಾರತಕಥೆಗೆ ಹೊಂದಿಸಿ 1929ರಲ್ಲಿ ‘ಅಶ್ವತ್ಥಾಮನ್’ ನಾಟಕವನ್ನು ಪ್ರಕಟಿಸಿದರು. ಅಲ್ಲಿ ಏಜಾಕ್ಸನು ಅಶ್ವತ್ಥಾಮನಾದನು. ಟೆಕ್ಮೆಸ್ಸೆಯು ಅವನ ಪತ್ನಿ ಭಾರ್ಗವಿಯಾದಳು. ಈ ರೂಪಾಂತರದಲ್ಲಿ ಉಳಿದುದೇನು, ಅಳಿದುದೇನು ಎಂಬುದು ವಿಚಾರಣೀಯವಾಗಿದೆ.

ಮೂಲದಲ್ಲಿ ಟೆಕ್ಮೆಸ್ಸೆಯು ಫ್ರಿಜಿಯ ದೇಶದ ಸಿರಿವಂತನ ಮಗಳು. ಏಜಾಕ್ಸನು ಅವಳ ನಾಡನ್ನು ಗೆದ್ದು ಅವಳನ್ನು ಸೆರೆತಂದನು. ತೌರನ್ನು ಹಾಳುಗೈದವನೇ ಅವಳಿಗೆ ಉಳಿದ ಏಕಮಾತ್ರ ಆಶ್ರಯ. ಆದುದರಿಂದಲೇ, ಅಪಮಾನದಿಂದ ಪ್ರಾಣತ್ಯಾಗಕ್ಕೆ ಸಿದ್ಧನಾದ ಅವನ ಮುಂದೆ ಆಕೆ ತನಗೂ ಮಗುವಿಗೂ ಒದಗಲಿರುವ ದಾಸ್ಯವನ್ನು ಎತ್ತಿ ತೋರುವಳು. ಅದು ಬರಿಯ ವಿಲಾಪವಲ್ಲ, ವಾದ. ಸೆರೆಯಾಳು ಧರ್ಮಪತ್ನಿಯಾದೊಡನೆ ಪಾತ್ರವು ನಮಗೆ ಸಮೀಪವಾಯಿತು; ಆದರೆ ಈ ವಾದದ ತೀಕ್ಷ್ಣತೆ ಕುಂದಿತು.

ಇಂತಹ ಪಾತ್ರದ ಅಂತರಂಗವನ್ನು ಬಗೆದು ನೋಡುವ ಕ್ರಮವು ಶಿರಸಿ, ಸಿದ್ದಾಪುರ, ಯಲ್ಲಾಪುರಗಳ ಸೀಮೆಗೆ ಹೊಸತಲ್ಲ. ಅಲ್ಲಿಯ ತಾಳಮದ್ದಳೆಯಲ್ಲಿ ವೇಷವಿಲ್ಲ, ಕುಣಿತವಿಲ್ಲ. ಭಾಗವತರು ಹಾಡಿದ ಪದಕ್ಕೆ ಅರ್ಥಧಾರಿಯು ಆಶುವಾಗಿ ಮಾತು ಕಟ್ಟುವನು. ಪದ್ಯವು ಕವಿಯದು, ವಾದವು ಅರ್ಥಧಾರಿಯದು. ಬರೆದಿಟ್ಟ ಪಾಠವಿಲ್ಲದುದರಿಂದ ವಾಲಿವಧೆಯ ತಾರೆಯು ಕೂಟಕೂಟಕ್ಕೂ ಹೊಸದಾಗಿ ವಾದಿಸಬೇಕಾಗುವುದು.

ತಾರೆಯ ಸ್ಥಿತಿಯು ಟೆಕ್ಮೆಸ್ಸೆಯ ಸ್ಥಿತಿಗೆ ದೂರವಾದುದಲ್ಲ. ಕಿಷ್ಕಿಂಧಾಕಾಂಡದಲ್ಲಿ ಆಕೆ, ಸುಗ್ರೀವನಿಗೆ ರಾಮನ ಸಖ್ಯ ಒದಗಿದ ವಾರ್ತೆಯನ್ನು ಅಂಗದನಿಂದ ತಿಳಿದು, ಗಂಡನನ್ನು ತಡೆಯುವಳು. ವಾಲಿಯು ಕೇಳನು. ಏಜಾಕ್ಸನೂ ಕೇಳನು. ಇಬ್ಬರ ಪಕ್ಕದಲ್ಲಿಯೂ ತಂದೆಯನ್ನು ಕಳೆದುಕೊಳ್ಳಲಿರುವ ಮಗನಿದ್ದಾನೆ. ಭೇದವು ತೋರುವುದು ಮರಣಾನಂತರದಲ್ಲಿ. ಏಜಾಕ್ಸನ ಶವಸಂಸ್ಕಾರಕ್ಕಾಗಿ ಪುರುಷರು ಕಲಹವಾಡುತ್ತಿರುವಾಗ ಟೆಕ್ಮೆಸ್ಸೆಯು ಮಗುವಿನೊಡನೆ ಹೆಣದ ಬಳಿ ಮೌನವಾಗಿರುವಳು. ನಾಟಕವು ಮುಗಿಯುವವರೆಗೆ ಅವಳಿಗೆ ಮತ್ತೆ ಮಾತಿಲ್ಲ. ತಾರೆಯಾದರೋ ಅದೇ ಬಾಣದಿಂದ ತನ್ನನ್ನೂ ಕೊಲ್ಲೆಂದು ರಾಮನನ್ನೇ ಎದುರಿಸಿ ನುಡಿಯುವಳು.

ವೀರನು ಮಾನಕ್ಕಾಗಿ ಮಡಿದ ಮೇಲೆ ಮಡದಿಮಕ್ಕಳ ಗತಿಯೇನು? ಯವನ ಕವಿಯು ಈ ಪ್ರಶ್ನೆಯನ್ನು ಮೊದಲು ಅವಳ ಮಾತಿನಲ್ಲಿಯೂ ಬಳಿಕ ಅವಳ ಮೌನದಲ್ಲಿಯೂ ಇಟ್ಟನು. ಇಂದಿನವರಿಗೆ ಟೆಕ್ಮೆಸ್ಸೆಯನ್ನು ತಿಳಿಯಹೇಳುವ ಬೋಧಕರು ಹೆಸರನ್ನು ಕನ್ನಡಿಸಿದರೆ ಸಾಲದು. ಆ ಮೌನಕ್ಕೂ ಅರ್ಥ ಹೇಳಬೇಕು. ಅದಕ್ಕೆ ತಾರೆಯ ಮಾತೇ ತಕ್ಕ ಭಾಷ್ಯ.