ಹೊರಗಿನ ಹಗೇವು

ಕಳೆದ ಬೇಸಿಗೆಯಲ್ಲಿ ಪಿಎಚ್.ಡಿ. ಕೆಲಸದ ನಡುವೆ ಬಿಡುವು ಮಾಡಿಕೊಂಡು ಕಡೇಚೂರಿಗೆ ಬಂದಿದ್ದೆ. ಪಡಸಾಲೆಯ ಹೊರಸಿನ ಮೇಲೆ ನನ್ನ ಲ್ಯಾಪ್‌ಟಾಪ್ ಇಟ್ಟುಕೊಂಡು ಕೂತಿದ್ದ ತಮ್ಮ ಒಳಗಿದ್ದ ನನ್ನನ್ನು ಕೂಗಿದ: "ಅಕ್ಕಾ, ಗೇಮ್ ಹಾಕ್ಲಾಕ ಜಾಗ ಇಲ್ಲಂತ ತೋರ್ಸಲತ್ತದ. ನಿಂದೊಂದು ದೊಡ್ಡ ಫೋಲ್ಡರ್ ಅದ ನೋಡು, ಅದನ್ನ ತೆಗೀಲೇನು?"

ಆ ಫೋಲ್ಡರಿನ ಹೆಸರು 'ಊರು'. ಅದರಲ್ಲಿ ಇದ್ದದ್ದು ನನ್ನ ಕ್ಷೇತ್ರಕಾರ್ಯ. ಕಡೇಚೂರು–ಬಾಡಿಯಾಳ ಕೈಗಾರಿಕಾ ಪ್ರದೇಶಕ್ಕೆ ಮೂರು ಸಾವಿರ ಎಕರೆಗೂ ಹೆಚ್ಚು ಭೂಮಿ ಹೋಯಿತು. ಇವತ್ತು ಅಲ್ಲಿ ರೈಲ್ವೆಯ ಬೋಗಿ ಕಾರ್ಖಾನೆ ಇದೆ, ಔಷಧ ಕಾರ್ಖಾನೆಗಳಿವೆ. ಹೊಲ ಕೊಟ್ಟ ಹಿರಿಯರನ್ನು ಕೂಡಿಸಿಕೊಂಡು, ಯಾವ ಹೊಲಕ್ಕೆ ಏನು ಹೆಸರಿತ್ತು, ಯಾವ ಬದುವಿನಲ್ಲಿ ಯಾವ ಮರವಿತ್ತು, ದನ ಯಾವ ದಾರಿಯಲ್ಲಿ ಹೋಗುತ್ತಿದ್ದವು ಎಂದು ಕೇಳಿ ಧ್ವನಿಮುದ್ರಣ ಮಾಡಿಕೊಂಡಿದ್ದೆ. ಫೋಟೋ, ವಿಡಿಯೋ ಎಲ್ಲ ಸೇರಿ ಸುಮಾರು 60 ಜಿಬಿ. ಲ್ಯಾಪ್‌ಟಾಪ್ ಹೆಸರಿಗೆ 256 ಜಿಬಿಯದು, ತೆರೆದು ನೋಡಿದರೆ 238 ಎಂದು ತೋರಿಸುತ್ತದೆ. ಅದರಲ್ಲಿ ವಿಂಡೋಸ್ ತನ್ನ ಪಾಲು ತಿಂದಿತ್ತು. ತಮ್ಮನ ಗೇಮು ಕೇಳುತ್ತಿದ್ದದ್ದು ನೂರು ಜಿಬಿಗೂ ಹೆಚ್ಚು.

ಇತಿಹಾಸ ಓದುವವರಿಗೆ ಒಂದು ದುರಭ್ಯಾಸ ಇರುತ್ತದೆ. ಜಗಳ ಬಗೆಹರಿಸುವ ಮೊದಲು ಅದು ಎಲ್ಲಿಂದ ಶುರುವಾಯಿತು ಎಂದು ಹುಡುಕುತ್ತೇವೆ. ಒಂದು ಆಟಕ್ಕೆ ಇಷ್ಟು ಜಾಗ ಯಾಕೆ ಬೇಕು?

ನಮ್ಮ ತಲೆಮಾರಿನ ಬಹಳ ಜನ ಮೊದಲು ನೋಡಿದ ಗೇಮುಗಳಲ್ಲಿ 'ಪ್ರಿನ್ಸ್ ಆಫ್ ಪರ್ಷಿಯಾ' ಒಂದು. ಶಾಲೆಯ ಕಂಪ್ಯೂಟರ್ ಕೋಣೆಯಲ್ಲಿ, ಮೇಷ್ಟ್ರು ಹೊರಗೆ ಹೋದಾಗ ಅದು ತೆರೆದುಕೊಳ್ಳುತ್ತಿತ್ತು. ಬಿಳಿ ಬಟ್ಟೆಯ ಹುಡುಗ ಓಡುತ್ತಾನೆ, ಜಿಗಿಯುತ್ತಾನೆ, ಅಂಚಿಗೆ ಜೋತುಬೀಳುತ್ತಾನೆ, ಮುಳ್ಳಿನ ಮೇಲೆ ಬಿದ್ದು ಸಾಯುತ್ತಾನೆ. ಜೋರ್ಡನ್ ಮೆಕ್ನರ್ ಎಂಬಾತ ಇದನ್ನು ಆಪಲ್ 2 ಕಂಪ್ಯೂಟರಿಗಾಗಿ ಬರೆದು 1989ರಲ್ಲಿ ಹೊರತಂದ. ಹುಡುಗನ ಓಟ ಅಷ್ಟು ಸಹಜವಾಗಿ ಕಾಣಲು ಕಾರಣವಿದೆ. 1985ರಲ್ಲಿ ಮೆಕ್ನರ್ ತನ್ನ ತಮ್ಮ ಡೇವಿಡ್‌ನನ್ನು ಓಡಿಸಿ, ಜಿಗಿಸಿ, ವಿಡಿಯೋ ತೆಗೆದು, ಆ ಚಿತ್ರಗಳನ್ನು ಒಂದೊಂದಾಗಿ ಕಂಪ್ಯೂಟರಿಗೆ ಇಳಿಸಿಕೊಂಡಿದ್ದ.

ಆ ಕಾಲದ ಆಪಲ್ 2 ಫ್ಲಾಪಿಯ ಒಂದು ಬದಿಯಲ್ಲಿ ಹಿಡಿಯುತ್ತಿದ್ದದ್ದು 140 ಕಿಲೋಬೈಟ್. ಇವತ್ತು ವಾಟ್ಸಾಪಿನಲ್ಲಿ ಬರುವ ಒಂದು ಶುಭೋದಯದ ಚಿತ್ರಕ್ಕೆ ಅಷ್ಟು ಬೇಕಾಗುತ್ತದೆ. ಕಂಪ್ಯೂಟರಿನ ಮೆಮೊರಿಯೂ ಅಷ್ಟೇ ಚಿಕ್ಕದು. ರಾಜಕುಮಾರನ ಓಟ, ಜಿಗಿತ ಸೇರಿಸುವ ಹೊತ್ತಿಗೆ ಅದು ತುಂಬಿಹೋಯಿತು. ಎದುರಾಳಿ ಬೇಕು, ಆದರೆ ಹೊಸ ದೇಹದ ಚಿತ್ರಗಳಿಗೆ ಜಾಗವಿಲ್ಲ. ಮೆಕ್ನರ್ ರಾಜಕುಮಾರನ ಚಿತ್ರಗಳನ್ನೇ ತುಸು ಸರಿಸಿ, ತಿರುಗುಮುರುಗು ಮಾಡಿ ಮೇಲೆ ಹೇರಿದಾಗ ಮಿನುಗುವ ಒಂದು ನೆರಳು ಹುಟ್ಟಿತು. ಕನ್ನಡಿಯೊಳಗಿಂದ ಹಾರಿ ಬರುವ ಆ 'ನೆರಳು ಮನುಷ್ಯ'ನನ್ನು ಕತ್ತಿಯಿಂದ ಹೊಡೆದರೆ ನಮ್ಮ ಜೀವವೇ ಕಡಿಮೆಯಾಗುತ್ತದೆ. ಚಿಕ್ಕಂದಿನಲ್ಲಿ ನಮ್ಮನ್ನು ಹೆದರಿಸಿದ ಆ ಪಾತ್ರ ಜಾಗದ ಬಡತನದಿಂದ ಹುಟ್ಟಿದ್ದು ಎಂದು ತಿಳಿದಾಗ ನನಗೆ ಬಹಳ ಸಂತೋಷವಾಗಿತ್ತು.

ಆಮೇಲೆ ಸಿಡಿ ಬಂತು. ಒಂದು ಸಿಡಿಗೆ 700 ಎಂಬಿ, ಅಂದರೆ ಸುಮಾರು 500 ಫ್ಲಾಪಿಗಳಷ್ಟು. ಆಟದ ಒಳಗೆ ಸಂಗೀತ ಬಂತು, ಸಿನಿಮಾದಂಥ ದೃಶ್ಯಗಳು ಬಂದವು. ನಾನು ಹೈಸ್ಕೂಲಿಗೆ ಹೋಗುವಾಗ ಯಾದಗಿರಿಯ ಕಂಪ್ಯೂಟರ್ ಅಂಗಡಿಗಳಲ್ಲಿ 'ವೈಸ್ ಸಿಟಿ'ಯ ಹೆಸರು ಕೇಳದ ಹುಡುಗರಿರಲಿಲ್ಲ. 2003ರಲ್ಲಿ ಪಿಸಿಗೆ ಬಂದ ಆ ಗೇಮು ಎರಡು ಸಿಡಿಗಳಲ್ಲಿತ್ತು. ಒಂದು ಮುಗಿದ ಮೇಲೆ ಇನ್ನೊಂದು ಹಾಕು ಎಂದು ಕಂಪ್ಯೂಟರ್ ಕೇಳುತ್ತಿತ್ತು. ಅಲ್ಲೇ ಗೀಚುಬಿದ್ದ ಸಿಡಿ ಕೈಕೊಟ್ಟರೆ ಹುಡುಗರು ಅದನ್ನು ಅಂಗಿಯ ತುದಿಗೆ ಒರೆಸಿ ಮತ್ತೆ ಹಾಕುತ್ತಿದ್ದರು. ಅದೇ ಸಾಲಿನ ಐದನೆಯ ಗೇಮು 2015ರಲ್ಲಿ ಪಿಸಿಗೆ ಬಂದಾಗ ಪೆಟ್ಟಿಗೆಯಲ್ಲಿ ಏಳು ಡಿವಿಡಿಗಳಿದ್ದವು, ಸುಮಾರು 65 ಜಿಬಿ. ಫ್ಲಾಪಿಗೆ ಹಾಕಿದ್ದರೆ 45 ಸಾವಿರ ಫ್ಲಾಪಿ ಬೇಕಾಗುತ್ತಿದ್ದವು. ಇವತ್ತಿನ ಕೆಲವು ಯುದ್ಧದ ಗೇಮುಗಳು 200 ಜಿಬಿ ದಾಟಿವೆ. ಹೊಳೆಯುವ ಗೋಡೆ, ಒದ್ದೆ ರಸ್ತೆ, ಬಟ್ಟೆಯ ಎಳೆ, ಹಲವು ಭಾಷೆಗಳ ಮಾತು, ಎಲ್ಲವೂ ಜಾಗ ಕೇಳುತ್ತವೆ. ಜಾಗವಿಲ್ಲದೆ ನೆರಳು ಮನುಷ್ಯ ಹುಟ್ಟಿದ ಕಾಲ ಹೋಗಿ, ಜಾಗವಿದೆ ಎಂದೇ ಎಲ್ಲವನ್ನೂ ತುಂಬುವ ಕಾಲ ಬಂದಿದೆ.

ಇದರ ಜೊತೆಗೇ ಇನ್ನೊಂದು ವಿಚಿತ್ರ ನಡೆಯಿತು. ಐಬಿಎಂ 1956ರಲ್ಲಿ ತಂದ ಮೊದಲ ಹಾರ್ಡ್ ಡಿಸ್ಕಿನಲ್ಲಿ 24 ಇಂಚು ಅಗಲದ 50 ತಟ್ಟೆಗಳಿದ್ದವು, ಒಂದು ಟನ್ನಿಗೂ ಹೆಚ್ಚು ತೂಕವಿತ್ತು, ಹಿಡಿಯುತ್ತಿದ್ದದ್ದು 50 ಲಕ್ಷ ಅಕ್ಷರ. ಅಲ್ಲಿಂದ ಮುಂದೆ ಪ್ರತಿ ದಶಕದಲ್ಲೂ ಜಾಗ ಹೆಚ್ಚುತ್ತಲೇ ಬಂತು. ಹತ್ತು ವರ್ಷದ ಹಿಂದೆ ಸಾಧಾರಣ ಲ್ಯಾಪ್‌ಟಾಪಿನಲ್ಲೂ 1 ಟಿಬಿ ಇರುತ್ತಿತ್ತು. ಆಮೇಲೆ ತಿರುಗುವ ತಟ್ಟೆಯ ಬದಲು ಚಿಪ್ಪಿನ ಎಸ್‌ಎಸ್‌ಡಿ ಬಂತು. ವೇಗ ಹೆಚ್ಚಿತು, ಬೆಲೆಯೂ ಹೆಚ್ಚಿತು. ಹಾಗಾಗಿ ಕಡಿಮೆ ಬೆಲೆಯ ಲ್ಯಾಪ್‌ಟಾಪುಗಳಲ್ಲಿ ಜಾಗ 512ಕ್ಕೆ, 256ಕ್ಕೆ ಇಳಿಯಿತು. ಗೇಮು ಬೆಳೆಯುತ್ತಿರುವಾಗಲೇ ಮನೆ ಚಿಕ್ಕದಾಯಿತು.

"ಬೇಡದ್ದು ಅಳಿಸಿ, ಬೇಕಾದಾಗ ಮತ್ತೆ ಇಳಿಸಿಕೋ" ಎಂದು ಪಟ್ಟಣದವರು ಹೇಳಬಹುದು. ಮನೆಗೆ ಫೈಬರ್ ಬಂದವರಿಗೆ ಅದು ರಾತ್ರಿ ಬೆಳಗಾಗುವುದರೊಳಗಿನ ಕೆಲಸ. ನಮ್ಮ ಮನೆಯಲ್ಲಿ ನೆಟ್ ಎಂದರೆ ಅಪ್ಪನ ಮೊಬೈಲು, ದಿನಕ್ಕೆ ಒಂದೂವರೆ ಜಿಬಿ. ನೂರು ಜಿಬಿಯ ಗೇಮನ್ನು ಅದರಲ್ಲಿ ಇಳಿಸಲು ಎರಡು ತಿಂಗಳ ಮೇಲೆ ಒಂದು ವಾರ ಬೇಕು, ಅಪ್ಪ ಅಷ್ಟು ದಿನವೂ ಒಂದು ವಿಡಿಯೋ ನೋಡದಿದ್ದರೆ. ತಮ್ಮ ತನ್ನ ಗೇಮುಗಳನ್ನು ಹಾಸ್ಟೆಲಿನಲ್ಲಿದ್ದಾಗ ಗೆಳೆಯರ ಹತ್ತಿರ ತುಂಬಿಸಿಕೊಂಡು ಬಂದಿದ್ದ. ಊರಲ್ಲಿ ಅಳಿಸಿದ್ದು ಅಳಿದಂತೆಯೇ.

ಆಗ ನೆನಪಾದದ್ದು ಹಗೇವು. ನಮ್ಮ ಭಾಗದ ಹಳೆಯ ಮನೆಗಳಲ್ಲಿ ಜೋಳ ಇಡಲು ಜಾಗ ಸಾಲದಿದ್ದರೆ ಅಂಗಳದಲ್ಲೋ ಬೀದಿಯಲ್ಲೋ ಆಳದ ಗುಂಡಿ ತೋಡಿ, ಸುತ್ತ ಹುಲ್ಲು ಹಾಸಿ, ಕಾಳು ತುಂಬಿ, ಮೇಲೆ ಕಲ್ಲು ಮಣ್ಣು ಮುಚ್ಚುತ್ತಿದ್ದರು. ಬೇಕಾದಾಗ ಬಾಯಿ ತೆಗೆದು, ಒಳಗಿನ ಕೆಟ್ಟ ಗಾಳಿ ಹೋಗಲು ಬಿಟ್ಟು, ಆಮೇಲೆ ಇಳಿಯುತ್ತಿದ್ದರು. ಮನೆಯೊಳಗೆ ತಿನ್ನುವಷ್ಟು, ಹೊರಗೆ ಉಳಿದದ್ದು. ತಮ್ಮನಿಗೆ ಹೇಳಿದೆ, "ನಿನ್ನ ಗೇಮಿಗೆ ಒಂದು ಹಗೇವು ಮಾಡೂಣು." ಶಿಷ್ಯವೇತನದ ದುಡ್ಡಿನಲ್ಲಿ 1 ಟಿಬಿಯ ಎಕ್ಸ್‌ಟರ್ನಲ್ ಹಾರ್ಡ್ ಡಿಸ್ಕ್ ತಂದೆ.

ಕೆಲಸ ನಾವು ಅಂದುಕೊಂಡಷ್ಟು ನೇರವಾಗಿರಲಿಲ್ಲ. ಗೇಮಿನ ಫೋಲ್ಡರನ್ನು ಎಳೆದು ಹೊರಗೆ ಹಾಕಿದರೆ ಆಯಿತು ಎಂದುಕೊಂಡರೆ ಬಹಳ ಗೇಮುಗಳು ತೆರೆಯುವುದೇ ಇಲ್ಲ. ತಾನು ಎಲ್ಲಿದ್ದೇನೆ ಎಂಬ ಗುರುತನ್ನು ಗೇಮು ವಿಂಡೋಸಿನ ದಫ್ತರದಲ್ಲಿ ಬರೆಸಿರುತ್ತದೆ, ಹೊಲದ ಪಹಣಿ ಇದ್ದಂತೆ. ಸ್ಟೀಮಿನಂಥ ಅಂಗಡಿಯಿಂದ ಬಂದ ಗೇಮಾದರೆ ಅದರೊಳಗಿನಿಂದಲೇ ಹೊಸ ಡ್ರೈವಿನಲ್ಲಿ ಒಂದು ಲೈಬ್ರರಿ ಮಾಡಿ, ಅಲ್ಲಿಗೆ ಸ್ಥಳಾಂತರಿಸಬೇಕು. ಆಗ ಗುರುತೂ ಬದಲಾಗುತ್ತದೆ. ಡಿಸ್ಕ್ ಫ್ಯಾಟ್32 ಮಾದರಿಯಲ್ಲಿದ್ದರೆ 4 ಜಿಬಿಗಿಂತ ದೊಡ್ಡ ಒಂದೇ ಕಡತ ಒಳಗೆ ಹೋಗುವುದಿಲ್ಲ, ಆದ್ದರಿಂದ ಮೊದಲೇ ಎನ್‌ಟಿಎಫ್‌ಎಸ್‌ಗೆ ಬದಲಾಯಿಸಿಕೊಳ್ಳಬೇಕು. ಇವತ್ತು ಇ ಎಂದು ಕರೆಸಿಕೊಂಡ ಡ್ರೈವ್ ನಾಳೆ ಎಫ್ ಆದರೆ ಗೇಮು ಕಳೆದುಹೋಯಿತು ಎನ್ನುತ್ತದೆ, ಅದಕ್ಕೊಂದು ಕಾಯಂ ಅಕ್ಷರ ಕೊಡಬೇಕು. ಆಡಿ ಉಳಿಸಿದ ಹಂತಗಳು ಬಹಳ ಸಲ ಒಳಗಿನ ಸಿ ಡ್ರೈವಿನಲ್ಲೇ ಇರುತ್ತವೆ. ಗೇಮು ಹೊರಗೆ ಹೋದರೂ ಆಟಗಾರನ ನೆನಪು ಮನೆಯಲ್ಲೇ.

ವೇಗವೂ ಕಡಿಮೆಯೇ. ತಿರುಗುವ ತಟ್ಟೆಯ ಡಿಸ್ಕ್ ಸೆಕೆಂಡಿಗೆ ನೂರು ಚಿಲ್ಲರೆ ಎಂಬಿ ಓದಿದರೆ ಸಾಧಾರಣ ಎಸ್‌ಎಸ್‌ಡಿ ಐನೂರರ ಮೇಲೆ ಓದುತ್ತದೆ. ಹಳೆಯ ಗೇಮುಗಳಿಗೆ ಇದರಿಂದ ತೊಂದರೆಯಿಲ್ಲ, ತೆರೆಯುವಾಗ ತುಸು ಕಾಯಬೇಕು ಅಷ್ಟೆ. ಹೊಸ ದೊಡ್ಡ ಗೇಮುಗಳಲ್ಲಿ ಓಡುತ್ತ ಹೋದಂತೆ ಮುಂದಿನ ರಸ್ತೆಯೇ ಇನ್ನೂ ಬಂದಿರುವುದಿಲ್ಲ. 2020ರಲ್ಲಿ ಬಂದ ಎಕ್ಸ್‌ಬಾಕ್ಸ್ ಸೀರೀಸ್ ಎಕ್ಸ್ ಈ ಕಾರಣಕ್ಕೇ ಒಂದು ನಿಯಮ ಮಾಡಿತು: ತನಗಾಗಿ ಮಾಡಿದ ಹೊಸ ಗೇಮುಗಳನ್ನು ಯುಎಸ್‌ಬಿ ಡ್ರೈವಿನಲ್ಲಿ ಇಡಬಹುದು, ಆಡಬೇಕಾದರೆ ಒಳಗೆ ತರಬೇಕು. ಹಗೇವಿನೊಳಗೆ ಒಲೆ ಹಚ್ಚುವುದಿಲ್ಲವಲ್ಲ.

ಎರಡು ದಿನದಲ್ಲಿ ಎಲ್ಲ ಸರಿಹೋಯಿತು. ತಮ್ಮ ಖುಷಿಯಾದ. ಹೊಸ ಡಿಸ್ಕಿನಲ್ಲಿ ಇನ್ನೂ ಬೇಕಾದಷ್ಟು ಜಾಗ ಉಳಿದಿತ್ತು. ಆಗ ನಾನೊಂದು ಕೆಲಸ ಮಾಡಿದೆ. 'ಊರು' ಫೋಲ್ಡರನ್ನೂ ಅದೇ ಡಿಸ್ಕಿಗೆ ಹಾಕಿ, ಲ್ಯಾಪ್‌ಟಾಪಿನಿಂದ ಅಳಿಸಿದೆ. ಹೊರಗೆ ಇಟ್ಟದ್ದು ಭದ್ರ ಎಂಬ ನಂಬಿಕೆ. ಮುದ್ರಣ ಮಾಡಿದ ಕಾರ್ಡನ್ನು ಮುಂದಿನ ಸಂದರ್ಶನಕ್ಕೆಂದು ಮೊದಲೇ ಖಾಲಿ ಮಾಡಿದ್ದೆ.

ಹದಿನೈದು ದಿನದ ನಂತರ ಒಂದು ಸಂಜೆ ಕರೆಂಟು ಹೋಯಿತು. ಆಡುತ್ತಿದ್ದ ತಮ್ಮ ಸೆಕೆ ತಾಳದೆ ಲ್ಯಾಪ್‌ಟಾಪ್ ಎತ್ತಿಕೊಂಡು ಅಂಗಳಕ್ಕೆ ಹೊರಟ. ವೈರಿಗೆ ಜೋತಿದ್ದ ಡಿಸ್ಕ್ ಹೊರಸಿನಿಂದ ಪರಸಿ ಕಲ್ಲಿನ ಮೇಲೆ ಬಿತ್ತು. ನಿಂತ ಡಿಸ್ಕಾಗಿದ್ದರೆ ಉಳಿಯುತ್ತಿತ್ತೇನೋ. ಇದು ತಿರುಗುತ್ತಿತ್ತು. ತಟ್ಟೆಯ ಮೇಲೆ ಕೂದಲೆಳೆಗಿಂತ ಕಡಿಮೆ ಎತ್ತರದಲ್ಲಿ ತೇಲುವ ಓದುಮುಳ್ಳು ಆಗ ತಟ್ಟೆಗೆ ತಾಗುತ್ತದೆ. ಮತ್ತೆ ಹಚ್ಚಿದಾಗ ಟಕ್ ಟಕ್ ಎಂಬ ಸದ್ದು ಮಾತ್ರ ಬಂತು. ಕಲಬುರಗಿಯ ಅಂಗಡಿಯವರು ಹೊರಗಡೆ ಕಳಿಸಿ ನೋಡಬೇಕು ಎಂದು ಹೇಳಿದ ಮೊತ್ತ ನನ್ನ ಒಂದು ತಿಂಗಳ ಶಿಷ್ಯವೇತನಕ್ಕಿಂತ ಹೆಚ್ಚು. ಸಾಲ ಮಾಡಿ ಕೊಟ್ಟೆ. ಆಗಲಿಲ್ಲ ಎಂದು ಮರಳಿ ಬಂತು.

ತಮ್ಮ ಎರಡು ದಿನ ಊಟ ಬಿಟ್ಟ. ಅವನನ್ನು ಬೈಯಲು ನನಗೆ ಬಾಯಿ ಬರಲಿಲ್ಲ. ಅವನು ಇಟ್ಟದ್ದು ಮತ್ತೆ ಸಿಗುವಂಥದ್ದು, ಅದನ್ನು ಹೊರಗಿಟ್ಟದ್ದು ಸರಿಯಾಗಿಯೇ ಇತ್ತು. ಎರಡನೆಯ ಸಲ ಸಿಗದ್ದನ್ನು ಅದರ ಪಕ್ಕದಲ್ಲಿ, ಒಂದೇ ಪ್ರತಿಯಾಗಿ ಇಟ್ಟವಳು ನಾನು.

ಇದೇ ಮೆಕ್ನರ್ ಕೂಡ ತನ್ನ ಆಟದ ಮೂಲ ಬರಹವನ್ನು ಕಳೆದುಕೊಂಡಿದ್ದ. ವರ್ಷಗಟ್ಟಲೆ ಹುಡುಕಿದ ಮೇಲೆ 2012ರಲ್ಲಿ ಅವನ ತಂದೆಗೆ ಹಳೆಯ ಫ್ಲಾಪಿಗಳ ಒಂದು ಪೆಟ್ಟಿಗೆ ಸಿಕ್ಕಿತು. ತಿಳಿದವರು ಸೇರಿ ಅದನ್ನು ಓದಿ ತೆಗೆದರು, ಈಗ ಅದು ಎಲ್ಲರಿಗೂ ತೆರೆದಿದೆ. ನಮ್ಮ ನೆಲದ್ದೇ ಇನ್ನೊಂದು ಉದಾಹರಣೆ ಇದೆ. ಸುರಪುರ ಸೀಮೆಯ ಯೇವೂರಿನಲ್ಲಿ ಆರನೆಯ ವಿಕ್ರಮಾದಿತ್ಯನ ಕಾಲದ, 1077ರ ಶಾಸನವಿದೆ. ಚಾಲುಕ್ಯರ ವಂಶಾವಳಿಗೆ ಅದು ದೊಡ್ಡ ಆಧಾರ. ವಾಲ್ಟರ್ ಎಲಿಯಟ್ ಹತ್ತೊಂಬತ್ತನೆಯ ಶತಮಾನದಲ್ಲಿ ಈ ಭಾಗದ ನೂರಾರು ಶಾಸನಗಳನ್ನು ಕೈಯಿಂದ ಬರೆಸಿದಾಗ ಒಂದೇ ಪ್ರತಿಗೆ ನಿಲ್ಲಲಿಲ್ಲ, ಬೇರೆ ಬೇರೆ ಊರಿನ ಸಂಸ್ಥೆಗಳಿಗೆ ಪ್ರತಿಗಳನ್ನು ಕೊಟ್ಟ. ಕಲ್ಲಿನಲ್ಲಿ ಕೊರೆದದ್ದಕ್ಕೂ ನಕಲು ಬೇಕು ಎಂದು ಅವನಿಗೆ ಗೊತ್ತಿತ್ತು. ಅದನ್ನು ತರಗತಿಯಲ್ಲಿ ಓದಿದ್ದ ನನಗೆ ಗೊತ್ತಿರಲಿಲ್ಲ.

ಸಂದರ್ಶನ ಕೊಟ್ಟವರಲ್ಲಿ ಬಹಳ ಜನ ಮತ್ತೆ ಕೂತು ಮಾತಾಡಿದರು. ಎರಡನೆಯ ಸಲದ ಮಾತು ಮೊದಲಿನಂತಿರಲಿಲ್ಲ, ಆದರೂ ಆಡಿದರು. ಒಬ್ಬ ಮುತ್ಯಾ ಮಾತ್ರ ಅಷ್ಟರಲ್ಲಿ ತೀರಿಕೊಂಡಿದ್ದರು. ಅವರದು ಮೂರು ಗಂಟೆಯ ಮಾತು. ನಲವತ್ತು ಹೊಲಗಳ ಹೆಸರನ್ನು ಹಳ್ಳದ ದಂಡೆಯಿಂದ ಶುರುಮಾಡಿ ಸಾಲಾಗಿ ಹೇಳಿದ್ದರು.

ಅವರ ಮೊಮ್ಮಗ ಕೈಗಾರಿಕಾ ಪ್ರದೇಶದಲ್ಲೇ ಕೆಲಸಕ್ಕಿದ್ದಾನೆ. ವಿಷಯ ತಿಳಿದು ಮನೆಗೆ ಬಂದ. ಅಂದು ಸಂದರ್ಶನದ ದಿನ, ಮುತ್ಯಾನ ದನಿ ನನಗೂ ಇರಲಿ ಎಂದು ಕೇಳಿದ್ದಕ್ಕೆ ನಾನೇ ಒಂದು ತುಂಡನ್ನು ವಾಟ್ಸಾಪಿನಲ್ಲಿ ಕಳಿಸಿದ್ದೆನಂತೆ, ನನಗೆ ಮರೆತೇ ಹೋಗಿತ್ತು. 11 ನಿಮಿಷ. ಅವನ ಮೊಬೈಲಿನಲ್ಲಿ ಕೇಳಿದೆವು. "ಹೊಲ ಹ್ವಾದ ಮ್ಯಾಲ ಮಳಿ ಬಂದ್ರೇನು, ಬಿಟ್ರೇನು ಯವ್ವಾ," ಎನ್ನುತ್ತಾರೆ ಮುತ್ಯಾ, ನಡುವೆ ಯಾವುದೋ ಎಮ್ಮೆ ಕೂಗುತ್ತದೆ. ಹೊಲಗಳ ಹೆಸರು ಒಂಬತ್ತಕ್ಕೆ ನಿಲ್ಲುತ್ತವೆ.

ಆ 11 ನಿಮಿಷ ಈಗ ನಾಲ್ಕು ಕಡೆ ಇದೆ. ಮೊದಲ ಪ್ರತಿ ಮಾಡಿದವನು ತಮ್ಮ. ಅದಕ್ಕೆ ಜಾಗ ಬೇಕೆಂದು ತನ್ನ ಒಂದು ಗೇಮನ್ನು, ನಾನು ಬೇಡ ಎಂದರೂ ಕೇಳದೆ, ಅಳಿಸಿದ. ಅದು ಬರೀ 10 ಎಂಬಿ ಕಣೋ ಎಂದೆ. "ಇರ್ಲಿ ಅಕ್ಕಾ" ಅಂದ.