ಬಂಗಾರದ ಹಾವೂ ಕೋಶದ ಬಾಗಿಲೂ

ಶಬ್ದಚರಿತ್ರೆಯನ್ನು ಅರಸುವವರಿಗೆ ಕೆಲವು ವೇಳೆ ಶಾಸ್ತ್ರಚರಿತ್ರೆಯೂ ಅಲ್ಲಿಯೇ ದೊರೆಯುವುದುಂಟು. ಬುಂಗಾರಸ್ ಎಂಬ ಹೆಸರು ಅಂತಹುದು. ಪ್ಯಾಟ್ರಿಕ್ ರಸೆಲ್ಲನು 1796ರಲ್ಲಿ ಕೋರಮಂಡಲ ತೀರದ ಸರ್ಪಗಳನ್ನು ವಿವರಿಸುವಾಗ, ಹಳದಿಯ ಪಟ್ಟೆಗಳುಳ್ಳ ಒಂದು ಹಾವಿಗೆ ಅಲ್ಲಿಯ ತೆಲುಗರು ಇಟ್ಟಿದ್ದ ಹೆಸರನ್ನೇ ಬರೆದುಕೊಂಡನು. ಬಂಗಾರದ ಹಾವು ಎಂಬುದೇ ಅದರ ಅರ್ಥ. 1803ರಲ್ಲಿ ಫ್ರೆಂಚ್ ಪಂಡಿತನಾದ ದೋದಾಂ ಎಂಬವನು ಅದನ್ನು ಲ್ಯಾಟಿನ್ ರೂಪಕ್ಕೆ ತಂದು ಒಂದು ಕುಲಕ್ಕೇ ಹೆಸರಾಗಿಸಿದನು. ನಮ್ಮ ನಾಡಿನ ಕಟ್ಟುಹಾವೂ ಈ ಕುಲಕ್ಕೆ ಸೇರಿದುದು.

ಈ ನಾಮವು ಜೀವಕೋಶದ ಪೊರೆಯನ್ನು ಮುಟ್ಟಿದುದು 1963ರಲ್ಲಿ. ಸೋಡಿಯಂ, ಪೊಟ್ಯಾಸಿಯಂ ಅಯಾನುಗಳು ಪೊರೆಯನ್ನು ದಾಟುವುದರಿಂದಲೇ ನರದಲ್ಲಿ ಸಂದೇಶವು ಹರಿಯುವುದೆಂದು 1952ರಲ್ಲಿ ತೋರಿಸಿದ ಹಾಜ್ಕಿನ್, ಹಕ್ಸ್‌ಲಿಯರಿಗೆ ಆ ವರ್ಷ ನೊಬೆಲ್ ಪಾರಿತೋಷಕವು ದೊರೆಯಿತು. ಅದೇ ವರ್ಷ ತೈವಾನಿನ ಚಾಂಗ್ ಮತ್ತು ಲೀ ಎಂಬವರು ಅಲ್ಲಿಯ ಬುಂಗಾರಸ್ ವಿಷದಿಂದ ಆಲ್ಫಾ-ಬುಂಗಾರೊಟಾಕ್ಸಿನ್ ಎಂಬುದನ್ನು ಬೇರ್ಪಡಿಸಿದರು. ಈಗ ಬೆಳಗಾವಿಯ ನೆಹರು ನಗರದಲ್ಲಿರುವ ಕೆ.ಎಲ್.ಇ. ಸಂಸ್ಥೆಯ ಜವಾಹರಲಾಲ ನೆಹರು ವೈದ್ಯಕೀಯ ಮಹಾವಿದ್ಯಾಲಯವು ಆರಂಭವಾದುದೂ ಅದೇ ವರ್ಷದಲ್ಲಿ. ಇದು ಕಾಕತಾಳೀಯವೇ ಸರಿ. ಆದರೂ ಆ ಸಂಶೋಧನೆಯ ಫಲವು ರೋಗಿಯನ್ನು ಸೇರುವುದು ಇಂತಹ ವಿದ್ಯಾಲಯಗಳ ಮೂಲಕವೇ.

ಆ ಫಲವಾವುದು? ನರದ ತುದಿಯಿಂದ ಅಸಿಟೈಲ್‌ಕೋಲೀನ್ ಎಂಬ ದ್ರವ್ಯವು ಹೊರಟು ಸ್ನಾಯುವಿನ ಪೊರೆಯಲ್ಲಿರುವ ದ್ವಾರಕ್ಕೆ ಅಂಟುತ್ತದೆ, ದ್ವಾರವು ತೆರೆದು ಸೋಡಿಯಂ ಒಳನುಗ್ಗುತ್ತದೆ, ಸ್ನಾಯುವು ಸಂಕುಚಿಸುತ್ತದೆ. ಮೇಲೆ ಹೇಳಿದ ವಿಷವು ಆ ದ್ರವ್ಯದ ಪೀಠವನ್ನೇ ಆಕ್ರಮಿಸುವುದರಿಂದ ದ್ವಾರವು ತೆರೆಯದು. ಹೀಗೆ ಬಿಡದೆ ಅಂಟುವ ಗುಣವನ್ನೇ ಗುರುತಾಗಿ ಬಳಸಿ, 1970ರಲ್ಲಿ ಷಾಂಜೋ ಮತ್ತು ಅವರ ಸಂಗಡಿಗರು ವಿದ್ಯುನ್ಮೀನಿನ ಅಂಗದಲ್ಲಿ ಈ ದ್ವಾರದ ವಸ್ತುವನ್ನು ಪತ್ತೆಮಾಡಿದರು. 1976ರಲ್ಲಿ ನೇಯರ್, ಸಾಕ್ಮನ್ ಎಂಬವರು ಕಪ್ಪೆಯ ಸ್ನಾಯುವಿನಲ್ಲಿ ಒಂದೊಂದೇ ದ್ವಾರದ ವಿದ್ಯುತ್ಪ್ರವಾಹವನ್ನು ಅಳೆದರು.

ಹದಿನಾಲ್ಕನೆಯ ಶತಮಾನದ ಮಂಗರಾಜನು ಖಗೇಂದ್ರಮಣಿದರ್ಪಣವೆಂಬ ವಿಷವೈದ್ಯಗ್ರಂಥವನ್ನು ಕನ್ನಡದಲ್ಲಿ ರಚಿಸಿದನೆಂಬುದು ನಮಗೆ ಅಭಿಮಾನದ ಸಂಗತಿ. ಆದರೆ ಅಯಾನುದ್ವಾರವನ್ನು ಆತನ ಪದ್ಯಗಳಲ್ಲಿ ಹುಡುಕುವುದು ಆತನಿಗೆ ಮಾಡುವ ಗೌರವವಲ್ಲ. ವಿಷವನ್ನು ಶಾಸ್ತ್ರವಿಷಯವಾಗಿ ದೇಶಭಾಷೆಯಲ್ಲಿ ನಿರೂಪಿಸಿದುದೇ ಆತನ ಹಿರಿಮೆ.

ದ್ವಾರದ ಜ್ಞಾನಕ್ಕೆ ಇಂದು ಬೇರೊಂದು ಪ್ರಯೋಜನವುಂಟು. ಕಟ್ಟುಹಾವು ಹೆಚ್ಚಾಗಿ ಇರುಳಿನಲ್ಲಿ, ನೆಲದಮೇಲೆ ಮಲಗಿದವರನ್ನು ಕಡಿಯುತ್ತದೆ. ನೋವು ಅನೇಕವೇಳೆ ತಿಳಿಯದು. ಅದರ ವಿಷವು ನರದ ತುದಿಗಳನ್ನೂ ಕೆಡಿಸುತ್ತದೆ. ರೆಪ್ಪೆಗಳು ಜೋಲುತ್ತವೆ, ಕೈಕಾಲುಗಳು ಅಲುಗಾಡವು, ಉಸಿರು ನಿಲ್ಲುತ್ತದೆ. ನೋಡುವವರಿಗೆ ಅದು ಮರಣವೆಂದೇ ತೋರಬಹುದು. ಆದರೆ ಕೆಟ್ಟಿರುವುದು ನರ ಸ್ನಾಯುಗಳ ಸಂಧಿಯೇ ಹೊರತು ಪ್ರಜ್ಞೆಯಲ್ಲ. ಪ್ರತಿವಿಷದೊಡನೆ ಯಂತ್ರದಿಂದ ಉಸಿರನ್ನು ಕೆಲವು ದಿನ ನಡೆಸಿದರೆ ಅವರು ಬದುಕಬಹುದು. ಆದುದರಿಂದ ಖಾನಾಪುರದ ಕಾಡಂಚಿನ ಹಳ್ಳಿಯಲ್ಲಾಗಲಿ ಎಲ್ಲಿಯೇ ಆಗಲಿ, ಅಂತಹವರನ್ನು ಸತ್ತರೆಂದು ಕೈಬಿಡದೆ ಆಸ್ಪತ್ರೆಗೆ ಸಾಗಿಸುವುದು ಕರ್ತವ್ಯ.