ಇಪ್ಪತ್ತೈದು ರೂಪಾಯಿಯಿಂದ ಶುರುವಾದ ಹಕ್ಕು



ಮೊನ್ನೆ ತುಮಕೂರಿನ ಕೋರ್ಟ್ ಆವರಣದಲ್ಲಿ ಗುಬ್ಬಿ ಕಡೆಯ ಒಬ್ಬ ತಾಯಿ ಸಿಕ್ಕಿದ್ರು. ಬೀಡಿ ಕಟ್ಟಿ ಬದುಕೋರು. ಗಂಡ ತಲಾಖ್ ಕೊಟ್ಟು ನಾಲ್ಕು ವರ್ಷ ಆಯ್ತು. "ಇದ್ದತ್ ಮುಗಿದ ಮೇಲೆ ಸಾಬರ ಹೆಂಗಸರಿಗೆ ಜೀವನಾಂಶ ಬರಲ್ಲ" ಅಂತ ಯಾರೋ ಹೇಳಿದ್ದನ್ನ ನಂಬಿ ಸುಮ್ಮನಿದ್ರಂತೆ. ಇದೇ ಮಾತನ್ನ ಕುಣಿಗಲ್‌ನಲ್ಲೂ ಕೇಳಿದ್ದೀನಿ. ಇದು ಸುಳ್ಳು. ಹೇಗೆ ಅಂತ ಹೇಳೋಕೆ ಸ್ವಲ್ಪ ಇತಿಹಾಸ ಬೇಕು.

1974ರ ಏಪ್ರಿಲ್‌ನಲ್ಲಿ ಹೊಸ ದಂಡ ಪ್ರಕ್ರಿಯಾ ಸಂಹಿತೆ ಜಾರಿಗೆ ಬಂತು. ಅದರ 125ನೇ ಕಲಂ 'ಹೆಂಡತಿ' ಅನ್ನೋ ಪದದೊಳಗೆ ವಿಚ್ಛೇದಿತೆಯನ್ನೂ ಸೇರಿಸಿತು. ಧರ್ಮ ಕೇಳಲಿಲ್ಲ.

ಇಂದೋರಿನ ಶಾ ಬಾನೋ ಈ ಕಲಂ ಹಿಡಿದೇ 1978ರಲ್ಲಿ ಕೋರ್ಟಿಗೆ ಹೋದರು. 1932ರಲ್ಲಿ ಮದುವೆ, 1975ರಲ್ಲಿ ಮನೆಯಿಂದ ಹೊರಗೆ. ಗಂಡ ವಕೀಲ. ಕೇಸು ನಡೀತಿರುವಾಗಲೇ ತಲಾಖ್ ಹೇಳಿದ. ಮ್ಯಾಜಿಸ್ಟ್ರೇಟ್ ಕೊಡಿಸಿದ್ದು ತಿಂಗಳಿಗೆ 25 ರೂಪಾಯಿ! ಹೈಕೋರ್ಟ್ 179 ರೂಪಾಯಿ 20 ಪೈಸೆ ಮಾಡ್ತು. ಅದನ್ನೂ ಕೊಡಲ್ಲ ಅಂತ ಆತ ಸುಪ್ರೀಂ ಕೋರ್ಟಿಗೆ ಹೋದ. 1985ರ ಏಪ್ರಿಲ್ 23ರಂದು ಐವರು ನ್ಯಾಯಮೂರ್ತಿಗಳ ಪೀಠ ಆಕೆಯ ಪರ ನಿಂತಿತು.

ಆಮೇಲೆ ರಾಜಕೀಯ. ರಾಜೀವ್ ಗಾಂಧಿ ಸರ್ಕಾರ ಒತ್ತಡಕ್ಕೆ ಮಣಿದು 1986ರಲ್ಲಿ ಬೇರೆ ಕಾನೂನು ತಂತು. ಇದ್ದತ್‌ಗೆ ಮಾತ್ರ ಜೀವನಾಂಶ ಅನ್ನೋ ನಂಬಿಕೆ ಹುಟ್ಟಿದ್ದು ಇಲ್ಲಿಂದ. ಶಾ ಬಾನೋ ಪರ ವಾದಿಸಿದ್ದ ದಾನಿಯಲ್ ಲತೀಫಿ ಆ ಕಾನೂನನ್ನೇ ಪ್ರಶ್ನಿಸಿದರು. 2001ರಲ್ಲಿ ಸುಪ್ರೀಂ ಕೋರ್ಟ್ ಕಾನೂನನ್ನ ಉಳಿಸಿತು, ಅರ್ಥವನ್ನ ಬದಲಿಸಿತು: ಇದ್ದತ್ ಒಳಗೆ ಕೊಡಬೇಕಾದ್ದು ಮೂರು ತಿಂಗಳ ಅನ್ನವನ್ನಲ್ಲ, ಆಕೆಯ ಮುಂದಿನ ಬದುಕಿಗೆಲ್ಲ ಆಗುವ ನ್ಯಾಯವಾದ ಏರ್ಪಾಡನ್ನ.

ನಮ್ಮ ಕರ್ನಾಟಕ ಹೈಕೋರ್ಟ್ ಕೂಡ 2021ರಲ್ಲಿ, ಮೆಹರ್ ಕೊಟ್ಟಾಯ್ತು ಅಂತ ಕೈ ತೊಳೆದುಕೊಳ್ಳೋಕೆ ನೋಡಿದ ಬೆಂಗಳೂರಿನ ಒಬ್ಬ ಗಂಡನ ಅರ್ಜಿ ವಜಾ ಮಾಡ್ತು. 2024ರ ಜುಲೈ 10ರಂದು ನ್ಯಾಯಮೂರ್ತಿಗಳಾದ ಬಿ.ವಿ. ನಾಗರತ್ನ ಮತ್ತು ಆಗಸ್ಟೀನ್ ಜಾರ್ಜ್ ಮಸೀಹ್ ಗೊಂದಲವನ್ನೇ ಮುಗಿಸಿದರು. ತಲಾಖ್ ಆದ ಮುಸ್ಲಿಂ ಮಹಿಳೆಗೂ 125ನೇ ಕಲಂ ಇದೆ, 1986ರ ಕಾನೂನೂ ಇದೆ. ಆಯ್ಕೆ ಆಕೆಯದು.

ಹೊಸ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ಅದೇ ಈಗ 144ನೇ ಕಲಂ. 500 ರೂಪಾಯಿಯ ಮಿತಿ 2001ರಲ್ಲೇ ಹೋಯ್ತು. ಗಂಡನ ಊರಿಗೆ ಅಲೆಯಬೇಕಿಲ್ಲ, ತಾನಿರುವ ಕಡೆಯೇ ಅರ್ಜಿ ಹಾಕಬಹುದು. ಆದರೆ ನೆನಪಿಡಿ, ಈ ಕಲಂನಲ್ಲಿ ಜೀವನಾಂಶ ಲೆಕ್ಕ ಆಗೋದು ಅರ್ಜಿ ಹಾಕಿದ ದಿನದಿಂದ. ಆ ತಾಯಿ ಸುಮ್ಮನಿದ್ದ ನಾಲ್ಕು ವರ್ಷ ಅದರಲ್ಲಿ ವಾಪಸ್ ಬರಲ್ಲ. ಒಂದು ಸುಳ್ಳು ಮಾತಿನ ಬೆಲೆ ಅದು.

"ದಲಿತ ಹೋರಾಟಗಾರನಿಗೆ ಇದ್ಯಾಕೆ?" ಅಂತ ಕೇಳೋರಿದ್ದಾರೆ. ಹಿಂದೂ ಕೋಡ್ ಬಿಲ್ ನಿಂತುಹೋದಾಗ 1951ರಲ್ಲಿ ಬಾಬಾಸಾಹೇಬರು ಮಂತ್ರಿ ಪದವಿ ಬಿಟ್ಟು ಬಂದರು. ಆ ಬಿಲ್ಲು ಬರೀ ದಲಿತ ಹೆಣ್ಣುಮಕ್ಕಳದ್ದಾಗಿತ್ತಾ? ನಮ್ಮ ಕೇರಿಯಲ್ಲಿ ಗಂಡ ಬಿಟ್ಟುಹೋದ ಅಕ್ಕಂದಿರು ಹೋಗಬೇಕಾದ್ದೂ ಇದೇ 144ಕ್ಕೆ. ಮುಸ್ಲಿಂ ಹೆಣ್ಣಿನ ಕಣ್ಣೀರನ್ನ ಓಟಿಗೆ ಬಳಸೋರೂ, ಧರ್ಮದ ಹೆಸರಲ್ಲಿ ಆಕೆಯ ಬಾಯಿ ಮುಚ್ಚಿಸೋರೂ ವಾಯಿದೆ ದಿನ ಆಕೆಯ ಜೊತೆ ಬಸ್ ಹತ್ತಲ್ಲ. ನಾವು ಹತ್ತೋಣ.

ಮಹಿಳೆಯರಿಗೆ ಮತ್ತು ಪರಿಶಿಷ್ಟರಿಗೆ ಆದಾಯದ ಮಿತಿ ಇಲ್ಲದೆ ಉಚಿತ ವಕೀಲರು ಸಿಗ್ತಾರೆ. ತುಮಕೂರಿನಲ್ಲಿ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರ, ಗುಬ್ಬಿ, ಕುಣಿಗಲ್‌ನಲ್ಲಿ ತಾಲ್ಲೂಕು ಸಮಿತಿ. ನಿಮ್ಮ ಬೀದೀಲಿ ಇಂಥ ತಾಯಿ ಇದ್ದರೆ ಇವತ್ತೇ ಹೋಗಿ ಹೇಳಿ.

ಜೈಭೀಮ್.